ಕಿಟಕಿ ಪಕ್ಕದ ನನ್ನ ಜಾಗ

೧೨ ಆಗಸ್ಟ್ ೨೦೨೪, ಸೋಮವಾರ. ಡೊಂಬಿವಲಿ.

ಮೊಣಕಾಲಿನ ಆಪರೇಷನ್ ಆದ ಮೇಲೆ ಇವತ್ತೇ ಮೊದಲ ಸಲ ಸ್ಟೇಷನ್ನಿಗೆ ಹೋದೆ. ಸೀಟು ಹಿಡಿಯಲು ಉಲ್ಟಾ ಕಲ್ಯಾಣಕ್ಕೆ ಹೋಗಿ, ಅದೇ ಗಾಡಿ ಮುಂಬಯಿಗೆ ತಿರುಗುವವರೆಗೆ ಏಳದೆ ಕೂರುವುದು ನಮ್ಮ ಗ್ರೂಪಿನ ಪದ್ಧತಿ. ಗಾಡಿ ನಿಲ್ಲುವ ಮೊದಲೇ ಉಳಿದವರು ಹಾರಿದರು. ನಾನು ಅದು ನಿಂತ ಮೇಲೆ ಹತ್ತಿದೆ.

ನನ್ನ ಕಿಟಕಿಯಲ್ಲಿ ನಮ್ಮ ಗ್ರೂಪಿನ ರಂಜನ್ ಕೂತಿದ್ದ. ತಪ್ಪು ಅವನದಲ್ಲ. ತಿಂಗಳು ಬಾರದವನ ಸೀಟು ಮುಂದಿನವನಿಗೆ ಎಂಬ ಕಾನೂನು ಮಾಡಿಸಿದ್ದೇ ನಾನು. ಆಗ ನನ್ನ ಮೊಣಕಾಲು ಎರಡೂ ಗಟ್ಟಿಯಿದ್ದವು.

"ಬನ್ನಿ ಸರ್ವೋತ್ತಮಣ್ಣ, ಇವತ್ತು ನೀವು ಕೂತ್ಕೊಳ್ಳಿ" ಎಂದು ಎದ್ದ.

"ಇವತ್ತಿಗೆ ಮಾತ್ರವಾ ಮಾರಾಯ?"

ಎಲ್ಲರೂ ನಕ್ಕರು. ಯಾರೂ ಅಲ್ಲ ಎನ್ನಲಿಲ್ಲ.

ಮುಂಬ್ರಾದಲ್ಲಿ ಜನ ನುಗ್ಗಿದಾಗ ನನ್ನ ಕಾಲಿಗೆ ತಾಗದಂತೆ ಅವನು ಕೈ ಅಡ್ಡ ಹಿಡಿದು ನಿಂತ. ಇಡೀ ಬೋಗಿಯನ್ನು ಗೋಳುಹೊಯ್ದುಕೊಂಡು ಬಂದವನು ನಾನು. ಇವತ್ತು ಒಬ್ಬನೂ ನನ್ನನ್ನು ತಮಾಷೆ ಮಾಡಲಿಲ್ಲ.

ನಿಂತು ಹೋಗಲು ಡಾಕ್ಟರು ಬಿಡುವುದಿಲ್ಲ. ಮಸೀದಿ ಬಂದರಿನ ಅಂಗಡಿಗೆ ಹೋಗದಿದ್ದರೆ ಮನೆ ನಡೆಯುವುದಿಲ್ಲ. ದಿನಾ ರಂಜನನನ್ನು ಎಬ್ಬಿಸಲು ನನಗೆ ಮುಖವಿಲ್ಲ.

ಹೆಂಡತಿ ಹರಿಣಾಕ್ಷಿ ಊಟಕ್ಕೆ ಬಡಿಸುತ್ತ, "ಸೀಟು ಸಿಕ್ಕಿತಾ?" ಎಂದು ಕೇಳಿದಳು. ಸಿಕ್ಕಿತು ಎಂದೆ.

"ನಾನು ಹೇಳ್ಲಿಲ್ವಾ, ನಿಮ್ಮ ಜಾಗ ಅವರು ಹಾಗೇ ಇಟ್ಟಿರ್ತಾರೆ ಅಂತ!"

ಖುಷಿಯಲ್ಲಿ ನಾಳೆಯ ಡಬ್ಬಿಗೆ ಕಡಲೆ ನೆನೆಹಾಕಿದ್ದಾಳೆ. ನಾಳೆ ಆ ಗಾಡಿ ಬಂದಾಗ ಹತ್ತುತ್ತೇನೋ, ಇಲ್ಲ ಪ್ಲಾಟ್‌ಫಾರ್ಮಿನ ಬೆಂಚಿನಲ್ಲೇ ಕೂತು, ಅವಳ ಡಬ್ಬಿ ಬಿಚ್ಚಿ ಕಡಲೆ ತಿನ್ನುತ್ತೇನೋ, ನನಗೇ ಗೊತ್ತಿಲ್ಲ.