ಮರುಕಳಿಸುವ ಸಂಭವವಿಲ್ಲ

ಮಾರ್ಚ್ ೪, ಬೆಳಿಗ್ಗೆ

ಡಬ್ಲಿನ್ನಿನಿಂದ ವಕೀಲೆ ಓರ್ಲಾಳ ಫೋನ್. ವಿಚಾರಣೆ ಮತ್ತೆ ಮುಂದಕ್ಕೆ. ಉತ್ತರ ಸಲ್ಲಿಸಲು ಆರೋಗ್ಯ ಇಲಾಖೆಗೆ ಕಾಲಾವಕಾಶ ಬೇಕಂತೆ. ಮಗಳ ಯಕೃತ್ತಿಗೆ ಕಾಲಾವಕಾಶ ಕೊಡುವವರು ಯಾರು? ಕಸಿ ಮಾಡಲು ಲಂಡನ್ನಿನ ಆಸ್ಪತ್ರೆ ಸಿದ್ಧ. ಖರ್ಚು ವಹಿಸಿ ಕಳುಹಿಸಲು ಇಲಾಖೆ ಒಲ್ಲದು.

ಸೈವ್ ಹಾಸಿಗೆಯಿಂದಲೇ ನಕ್ಕಳು: "ನೀನೇ ವಾದಿಸು ಡ್ಯಾಡ್. ನಿನ್ನ ಭಾಷಣ ನಿಂತರೆ ಸಾಕು ಅಂತ ಜಡ್ಜೇ ಸಹಿ ಹಾಕಿಬಿಡ್ತಾರೆ."

ಮಾರ್ಚ್ ೧೯

ಸೈವ್‌ಳನ್ನು ಮಣ್ಣು ಮಾಡಿ ಬಂದೆವು.

ಇಲಾಖೆಯ ವಕೀಲ ಫಿಂಟನ್ ಕ್ವರ್ಕ್ ಬಂದಿದ್ದ. ಕಾಲೇಜಿನ ಚರ್ಚಾಕೂಟದಲ್ಲಿ ನನ್ನ ಎದುರಾಳಿ. ಸಾಲಿನಲ್ಲಿ ನಿಂತು ಕೈ ಕುಲುಕಿದ. "ಏನು ಹೇಳಲಿ ಡೋನಲ್..." ಸ್ಯಾಂಡ್‌ವಿಚ್ ತಿಂದ. ನನ್ನ ಹೆಂಡತಿ ಬ್ರೀಜ್ ಅವನಿಗೆ ಎರಡನೆಯ ಸಲ ಚಹಾ ಬಗ್ಗಿಸಿದಳು.

ಏಪ್ರಿಲ್ ೨, ಸಂಜೆ

ಅರ್ಜಿ ವಜಾ.

ಫಿಂಟನ್ ಎದ್ದ: "ಅರ್ಜಿದಾರಳು ನಿಧನಳಾಗಿದ್ದಾಳೆ. ಅರ್ಜಿ ನಿಷ್ಫಲ." ಇಲಾಖೆಯ ನಿರಾಕರಣೆ ಕಾನೂನುಬದ್ಧವೇ ಅಲ್ಲವೇ, ಅಷ್ಟನ್ನಾದರೂ ತೀರ್ಮಾನಿಸಿ, ಎಂದಳು ಓರ್ಲಾ. ನ್ಯಾಯಾಧೀಶರ ಪ್ರಶ್ನೆ: "ಇದು ಮರುಕಳಿಸುವ ಸಂಭವವಿದೆಯೇ?"

"ಈ ಅರ್ಜಿದಾರಳ ವಿಷಯದಲ್ಲಿ ಇಲ್ಲ," ಎಂದ ಫಿಂಟನ್.

ತರ್ಕದಲ್ಲಿ ದೋಷವಿಲ್ಲ. ಅದೇ ಅಸಹ್ಯ. ಮೊದಲು ತಡಮಾಡು, ಆಮೇಲೆ ತಡವಾಯಿತೆಂದು ವಾದಿಸು. ಚರ್ಚಾಕೂಟದಲ್ಲಾಗಿದ್ದರೆ ಇಂಥವನನ್ನು ಕೂಗಿ ಕೂರಿಸುತ್ತಿದ್ದೆವು. ಇಲ್ಲಿ ಎಲ್ಲರೂ ತಲೆಬಾಗಿದರು. ಪೀಠದಿಂದ ಸಂತಾಪವೂ ಬಂತು — ನಾನು ಕೇಳಿದ್ದು ತೀರ್ಪು!

ಮೊಗಸಾಲೆಯಲ್ಲಿ ಫಿಂಟನ್: "ಕಾನೂನು ಹಾಗಿದೆ, ಮಾರಾಯ. ನನ್ನ ಮೇಲೆ ಸಿಟ್ಟಾಗಬೇಡ."

"ಮತ್ತೆ ಯಾರ ಮೇಲೆ ಆಗಲೋ? ಅವಳ ಮೇಲಾ? ಬೇಗ ಸತ್ತಳು ಅಂತ?"

ಏಪ್ರಿಲ್ ೧೭, ಮಧ್ಯಾಹ್ನ

ಸೈವ್‌ಳ ತಿಂಗಳ ಪೂಜೆ, ಇಗರ್ಜಿಯಲ್ಲಿ. ಫಿಂಟನ್ ಬಂದಿದ್ದ. ಅದಕ್ಕೂ ಬಂದಿದ್ದ!

ಕೈ ಕುಲುಕಿ ಪರಸ್ಪರ ಶಾಂತಿ ಕೋರಿರೆಂದು ಪಾದ್ರಿ ಹೇಳಿದರು. ಹಿಂದಿನ ಬೆಂಚಿನಿಂದ ಅವನ ಕೈ ಚಾಚಿತು. ಊರೇ ನೋಡುತ್ತಿತ್ತು. ಬ್ರೀಜ್ ಮೊಣಕೈಯಿಂದ ತಿವಿದಳು: "ಕೊಡೋ ಮಾರಾಯ, ಇಗರ್ಜಿ ಇದು."

ಕೊಡಲಿಲ್ಲ. ಎಲ್ಲರಿಗೂ ಕೇಳುವಂತೆ ಕೇಳಿದೆ: "ಇಲ್ಲಿ ನೀನು ಯಾರ ವಕೀಲನೂ ಅಲ್ಲ, ಫಿಂಟನ್. ಅವಳನ್ನು ತಡೆದದ್ದು ಕಾನೂನುಬದ್ಧವಾಗಿತ್ತೋ, ಇಲ್ಲವೋ?"

ಪಾದ್ರಿ ಕೆಮ್ಮಿದರು. ಯಾರೋ "ಶ್ಶ್" ಎಂದರು.  ಫಿಂಟನ್ ಕೈ ಹಿಂದಕ್ಕೆ ತೆಗೆಯಲಿಲ್ಲ.

"ಇಲ್ಲ," ಎಂದ. "ಇರಲಿಲ್ಲ, ಡೋನಲ್."

ಬೇಕಾಗಿದ್ದ ತೀರ್ಪು ಅದೇ. ಯಾವ ದಾಖಲೆಗೂ ಸೇರದು. ಆ ಕೈ ಇನ್ನೂ ಅಲ್ಲೇ ಇತ್ತು. ನಾನು ಅದನ್ನು ಹಿಡಿದೆ.