ಗುಡ್ಡ ಓಗೊಡದ ದಿನಗಳು

ಮೇ 2, ಬೆಳಿಗ್ಗೆ. ಬರಿದಿನ.

ಇವತ್ತೂ ಇಲ್ಲ. ಅಮ್ಮ ಬಾಯಿಗೆ ಕಾಫಿ ಸೋಕಿಸುವ ಮೊದಲು ಅಂಗಳದ ತುದಿಗೆ ಹೋಗಿ, ಎದುರಿನ ಗುಡ್ಡಕ್ಕೆ ಕೇಳುವ ಹಾಗೆ "ಹಲಸು ತಿಂಗಳೇ, ಬಾ" ಎಂದು ಎಳೆದು ಕರೆದರು; ಕೊನೆಯಲ್ಲಿ ಎಂದಿನ ಸಣ್ಣ ಕೆಮ್ಮು. ಕೂಗು ಹೋಯಿತು. ವಾಪಸ್ ಬರಲಿಲ್ಲ. ಗುಡ್ಡ ಓಗೊಟ್ಟರೇ ತಿಂಗಳು ಹುಟ್ಟುವುದು. ಗುಡುಗು ತಿಂಗಳು ಮುಗಿದಿದೆ, ಹಲಸು ಇನ್ನೂ ಹುಟ್ಟಿಲ್ಲ. ನಡುವಿನ ಈ ಬರಿದಿನಗಳಲ್ಲಿ ಮಂತ್ರದಿಂದ ಕಟ್ಟು ಹಾಕುವ ನಮ್ಮಂಥ ಕಟ್ಟುಗಾರರು ಕೈಕಟ್ಟಿ ಕೂರಬೇಕು. ಆನೆದಾರಿ ಕಟ್ಟುವ ಹಾಗಿಲ್ಲ, ಮಂಜು ಕಟ್ಟುವ ಹಾಗಿಲ್ಲ. ಮಂತ್ರ ಹಾಕಿದರೆ ಆ ಕಟ್ಟಿಗೆ ಸಿಕ್ಕಿಬೀಳುವುದು ಹಾಕಿದವನೇ.

ಎಸ್ಟೇಟಿನವರಿಗೆ ಇದನ್ನು ಹೇಳಿ ನೋಡಬೇಕು! ಅಲ್ಲಿ ಲೆಕ್ಕ ಬರೆಯುವ ರೈಟರ್ ದಿಗಂತ್ ಬೆಳಿಗ್ಗೆಯಿಂದ ಫೋನ್ ಮೇಲೆ ಫೋನ್. "ಮೇಡಂ, ಆನೆ ಕೂಲಿ ಲೈನ್ಸ್ ಹತ್ರಾನೇ ಬಂದಿತ್ತು. ನಿಮ್ ತಿಂಗಳು ಯಾವಾಗ ಶುರು? ಒಂದು ಡೇಟ್ ಹೇಳ್ಬಿಡಿ." ಡೇಟ್ ಅಂತೆ. ಗುಡ್ಡಕ್ಕೇ ಫೋನ್ ಮಾಡಿ ಕೇಳಪ್ಪಾ ಅನ್ನಬೇಕೆನಿಸಿತು. ಫೋನ್ ಇಟ್ಟು ಪಾತ್ರೆ ತೊಳೆದೆ. ಒಂದು ಲೋಟ ಒಡೆಯಿತು.

ಮೇ 4

ಮೂರ್ನಾಡಿನಲ್ಲಿ ಕಟ್ಟುಗಾರರ ಸಂಘದ ಮೀಟಿಂಗ್. ಅಧ್ಯಕ್ಷ ಬೆಳ್ಳಿಯಪ್ಪನವರು ಪ್ರೊಜೆಕ್ಟರ್ ತರಿಸಿದ್ದರು. ಇನ್ನು ಮೇಲೆ ಎಲ್ಲ ತಿಂಗಳಿಗೂ ಫಿಕ್ಸ್ ಡೇಟ್. ಹಲಸು ತಿಂಗಳು ಮೇ ಏಳಕ್ಕೆ. ಬರಿದಿನ ಎಂಬ ಪದವೇ ಇಲ್ಲ, ಅಲ್ಲಿ "ಹಾಲಿಡೇ" ಎಂದಿದೆ. ಎಲ್ಲರ ಮೊಬೈಲಿಗೂ ಆ್ಯಪ್. ಮಾಡಿದವನು ಯಾರು? ನನ್ನ ತಮ್ಮ ನಿರಂಜನ್. ಮನೆಯಲ್ಲಿ ಒಂದು ಮಾತು ಹೇಳಿರಲಿಲ್ಲ ಕಳ್ಳ.

ಆಮೇಲೆ ಅಮ್ಮನನ್ನು ವೇದಿಕೆಗೆ ಕರೆದು ಶಾಲು ಹೊದಿಸಿದರು. "ಇಷ್ಟು ವರ್ಷ ತಿಂಗಳು ಕರೆದುಕೊಟ್ಟ ಸುಮಿತ್ರಮ್ಮನವರಿಗೆ ವಿಶ್ರಾಂತಿ." ಕೆಲಸದಿಂದ ತೆಗೆಯುವುದಕ್ಕೆ ಎಂಥ ಮರ್ಯಾದೆ!

ಎದ್ದು ಕೇಳಿದೆ. "ಏಳನೇ ತಾರೀಕು ಗುಡ್ಡ ಓಗೊಡದೇ ಇದ್ರೆ?"

ಬೆಳ್ಳಿಯಪ್ಪ ನಕ್ಕರು. "ನೋಡಿಮ್ಮ ವಿನುತಾ, ಗುಡ್ಡ ನಮ್ಗೆ ಕೆಲ್ಸ ಕೊಡುದಿಲ್ಲ. ಎಸ್ಟೇಟ್ ಕೊಡುದು."

ಚಪ್ಪಾಳೆ. ನಿರಂಜನನೂ ತಟ್ಟಿದ. ಬಸ್ಸಿನಲ್ಲಿ ಸುಂಟಿಕೊಪ್ಪದವರೆಗೂ ಅಮ್ಮ ಶಾಲು ಸವರುತ್ತಾ ಕೂತಿದ್ದರು. "ಬಣ್ಣ ಚೆನ್ನಾಗೈತೆ ಅಲ್ವೇನೇ" ಅಂದರು. ನನಗೆ ಮೈಯೆಲ್ಲ ಉರಿ.

ಮೇ 7, ಬೆಳಿಗ್ಗೆ

ಗುಡ್ಡ ಸುಮ್ಮನಿದೆ. ಆ್ಯಪ್ ಮಾತ್ರ ಟಿಂಗ್ ಅಂದಿತು. "ಹಲಸು ತಿಂಗಳ ಶುಭಾಶಯಗಳು." ನಿರಂಜನ್ ದಿಗಂತನ ಎಸ್ಟೇಟಿಗೆ ಆನೆ ಕಟ್ಟಲು ಹೊರಟ. ಬಾಗಿಲಿಗೆ ಅಡ್ಡ ನಿಂತೆ.

"ಬೇಡ ಕಣೋ. ಅಮ್ಮ ಕರೆದ್ರೂ ಬಂದಿಲ್ಲ."

"ಅಕ್ಕ, ಆ ಗುಡ್ಡದಲ್ಲಿ ಮರ ಕಡ್ದವ್ರೆ. ಅದಕ್ಕೇ ಎಕೋ ಬರಲ್ಲ. ಅಷ್ಟೇಯ. ದಾರಿ ಬಿಡು."

ಮನೆ ದೇವರಿಗೆ ಕೈ ಮುಗಿಯದೆ ಹೋದ. ಹಾಳಾಗಿ ಹೋಗು ಅಂದೆ.

ಮೇ 7, ಸಂಜೆ

ಬಿದ್ದ. ಆನೆಗೆ ಹಾಕಿದ ಕಟ್ಟಿಗೆ ತಾನೇ ಬಿದ್ದ. ಎಸ್ಟೇಟಿನ ಬೇಲಿ ದಾಟಲಾರದಾದ. ದಿಗಂತ್ ಬೈಕಿನಲ್ಲಿ ಕೂರಿಸಿಕೊಂಡು ಗೇಟಿಗೆ ಬಂದರೆ ಬೈಕ್ ಹೊರಗೆ, ಇವನು ಒಳಗೆ ನೆಲದ ಮೇಲೆ. ಕಟ್ಟಿಗೆ ಬಿದ್ದವನ ವಾಸನೆ ಹಿಡಿದು ಆನೆ ಬಂದೇ ಬರುತ್ತದೆ. ಹೊತ್ತು ಮುಳುಗುವ ಮೊದಲು ಬಿಡಿಸಬೇಕಿತ್ತು.

ಅಮ್ಮನೂ ನಾನೂ ಜೀಪಿನಲ್ಲಿ ಹೋದೆವು. ತೋಟದೊಳಗೆ ಆಗಲೇ ಕೊಂಬೆ ಮುರಿಯುವ ಸದ್ದು. ನಿರಂಜನ್ ಗೇಟಿನ ಸರಳು ಹಿಡಿದು "ಅಮ್ಮಾ, ಅಮ್ಮಾ" ಎಂದು ಅಳುತ್ತಿದ್ದ. ಅಯ್ಯೋ ಅನಿಸಿತು. ಕೆನ್ನೆಗೆ ಎರಡು ಬಿಗಿಯಬೇಕು ಅಂತಲೂ ಅನಿಸಿತು.

ದಾರಿ ಒಂದೇ. ಗುಡ್ಡ ಓಗೊಡದಿದ್ದರೆ ಕರೆದವರೇ ಅದರ ಬದಲು ಓಗೊಡಬೇಕು. ಆಗ ಆ ಒಂದು ದಿನಕ್ಕೆ ಮಾತ್ರ ತಿಂಗಳು ಬಂದ ಹಾಗೆ, ಕಟ್ಟು ಬಿಚ್ಚುತ್ತದೆ. ಆದರೆ ಹಾಗೆ ಮಾಡಿದವರ ಕಿವಿಗೆ ಗುಡ್ಡ ಮತ್ತೆಂದೂ ಕೇಳುವುದಿಲ್ಲ. ಸಾಯುವವರೆಗೂ.

"ಅಮ್ಮ, ಸ್ವಲ್ಪ ತಾಳು" ಅಂದೆ. ಯಾಕೆ ತಾಳಬೇಕೆಂದು ನನಗೇ ಗೊತ್ತಿರಲಿಲ್ಲ.

"ಮಗ ಕಣೇ" ಅಂದರು. ಗುಡ್ಡದ ಕಡೆ ತಿರುಗಿದರು. "ಹಲಸು ತಿಂಗಳೇ, ಬಾ." ಕಾದರು. ಆಮೇಲೆ ಸಣ್ಣ ದನಿಯಲ್ಲಿ, ತಾವೇ, "ಓ" ಅಂದರು.

ನಿರಂಜನ್ ಗೇಟಿನಿಂದ ಈಚೆ ಬಂದು ಬಿದ್ದ.

ಮೇ 8

ಸಂಘದ ವಾಟ್ಸಾಪ್ ಗ್ರೂಪಿನಲ್ಲಿ ಬೆಳ್ಳಿಯಪ್ಪ: "ಸುಮಿತ್ರಮ್ಮನವರೇ ಆ್ಯಪ್ ಹೇಳಿದ ದಿನ ತಿಂಗಳು ಕರೆದಿದ್ದಾರೆ. ಇನ್ನು ಚರ್ಚೆ ಬೇಡ." ಕೆಳಗೆ ಸಾಲಾಗಿ ಹೆಬ್ಬೆಟ್ಟು.

ನೇರ ಅವರಿಗೇ ಫೋನ್ ಮಾಡಿದೆ. "ನಾಚಿಕೆ ಆಗಲ್ವಾ ಸರ್? ಮಗನ ಜೀವ ಉಳ್ಸೋಕೆ ನಮ್ಮಮ್ಮ ಕಿವಿ ಕಳ್ಕೊಂಡ್ರು. ಅದನ್ನ ನೀವು ಸಾಕ್ಷಿ ಮಾಡ್ಕೊಂಡ್ರಾ?"

"ಎಮೋಷನಲ್ ಆಗ್ಬೇಡಿಮ್ಮ. ಇನ್ನು ಕರಿಯುದು ನೀವಲ್ವಾ? ಡೇಟ್ ನೋಡಿ ಕರೀರಿ, ಆಯ್ತು."

ಥೂ. ಇವತ್ತು ಬರಿದಿನ, ಯಾರೂ ಮಂತ್ರ ಹಾಕಬೇಡಿ ಎಂದು ಗ್ರೂಪಿನಲ್ಲಿ ಬರೆದೆ. ನನ್ನನ್ನೇ ಗ್ರೂಪಿನಿಂದ ತೆಗೆದರು. ಒಬ್ಬೊಬ್ಬರಿಗೂ ಫೋನ್ ಮಾಡುತ್ತಿದ್ದೇನೆ. ನಿರಂಜನನೂ ಮಾಡುತ್ತಿದ್ದಾನೆ. ಅವನ ಮುಖ ನೋಡಲು ನನಗೆ ಇಷ್ಟವಿಲ್ಲ. ಅನ್ನ ಮಾತ್ರ ಬಡಿಸಿಟ್ಟೆ.

ಮೇ 13, ಬೆಳಿಗ್ಗೆ

ಬಂತು.

ಕರೆದದ್ದು ನಾನು. ಅಮ್ಮ ಪಕ್ಕದಲ್ಲಿ ನಿಂತಿದ್ದರು, ರೂಢಿ. ಗುಡ್ಡ ಓಗೊಟ್ಟಿತು. ಆದರೆ ನನ್ನ ದನಿಯಲ್ಲಲ್ಲ. ಇಷ್ಟು ವರ್ಷ ಕೇಳಿದ ದನಿ. ಅದೇ ಎಳೆತ, ಕೊನೆಯಲ್ಲಿ ಅದೇ ಸಣ್ಣ ಕೆಮ್ಮು. ಇಡೀ ಕಣಿವೆ ತುಂಬುವ ಹಾಗೆ. ಹಟ್ಟಿಯಲ್ಲಿ ದನ ಎದ್ದು ನಿಂತವು.

ಬೆಳ್ಳಿಯಪ್ಪನ ಮೇಲಿನ ಸಿಟ್ಟೆಲ್ಲ ಗುಡ್ಡದ ಮೇಲೆ ತಿರುಗಿತು. ಅಮ್ಮನಿಂದ ಕಿತ್ತುಕೊಂಡು ನನಗೆ ಕೇಳಿಸುತ್ತೀಯಾ? ಮರ್ಯಾದೆ ಬೇಡವಾ ನಿನಗೆ?

ಅಮ್ಮ ನನ್ನ ಮುಖ ನೋಡಿಯೇ ತಿಳಿದುಕೊಂಡರು. ಹತ್ತಿರ ಬಂದು ತೋಳು ಹಿಡಿದರು.

"ಬಂತೇನೇ? ಹೆಂಗಿತ್ತು? ದನಿ ಹೆಂಗಿತ್ತು, ಸ್ವಲ್ಪ ಹೇಳೇ."

ಅಮ್ಮಾ, ಅದು ನಿನ್ನ—