ಹಿಂದಿನ ಮೇಜಿನ ಕೇಡಿ

೧೯೨೫ ಏಪ್ರಿಲ್ ೬, ಸೋಮವಾರ

ಬೆಳಿಗ್ಗೆ ಬ್ಯಾಂಕ್ ದರೋಡೆ. ಊಟವಾದ ಮೇಲೆ ಟೋಪಿ ಬದಲಿಸಿ, ಅದೇ ದರೋಡೆಕೋರರನ್ನು ಹಿಡಿಯಲು ಹೊರಟ ಷೆರಿಫನ ಸವಾರರಲ್ಲಿ ಒಬ್ಬನಾದೆ. ನನ್ನನ್ನು ನಾನೇ ಅಟ್ಟಿಸಿಕೊಂಡು ಹೋದೆ. ಸಿಗಲಿಲ್ಲ. ಹನ್ನೆರಡು ವರ್ಷದ ಕಲಾಸೇವೆ ಹೀಗೇ ಸಾಗಿದೆ.

ಕೊನೆಗೆ ಶರಾಬಿನಂಗಡಿಯ ದೃಶ್ಯ. ನಾಯಕ ಮುಂದೆ, ಖಳ ಅವನೆದುರು, ನಾನೂ ಗೆಳೆಯ ವೆಂಡೆಲನೂ ಹಿಂದಿನ ಮೇಜಿನಲ್ಲಿ ಇಸ್ಪೀಟು. ಡೈರೆಕ್ಟರ್ ಸ್ಪ್ರಾಟ್ ಅವರ ಆಜ್ಞೆ ಒಂದೇ— ಬಾಯಿ ಆಡುತ್ತಿರಬೇಕು. ಏನು ಆಡಿದರೂ ಸರಿ. ಮೂಕಿ ಚಿತ್ರ, ಕೇಳುವವರು ಯಾರು? ಹಾಗಾಗಿ ಎಂದಿನಂತೆ ಹುಲ್ಡಾ ವಿಷಯ. ನಾನು ಬಾಡಿಗೆಗಿರುವ ಮನೆಯ ಒಡತಿ, ವಿಧವೆ, ನಾರ್ವೆ ಕಡೆಯವರು. ಮದುವೆಯಾಗುತ್ತೀರಾ ಎಂದು ಈ ಭಾನುವಾರ ಕೇಳಿಯೇ ಬಿಡುತ್ತೇನೆ ಎಂದೆ. ಯಾವ ವರ್ಷದ ಭಾನುವಾರ ಎಂದು ವೆಂಡೆಲ್ ವಿಚಾರಿಸಿದ.

ಏಪ್ರಿಲ್ ೧೨, ಭಾನುವಾರ

ಕೇಳಲಿಲ್ಲ. ಹುಲ್ಡಾ ಮೀನು ಹುರಿಯುತ್ತಿದ್ದರು. ಕೈಯಲ್ಲಿ ಬಾಣಲೆ ಇರುವ ಹೆಂಗಸಿಗೆ ಇಂಥ ಪ್ರಶ್ನೆ ಹಾಕುವುದು ವಿವೇಕವಲ್ಲ.

ಮೇ ೩, ಭಾನುವಾರ

ಕೇಳಲಿಲ್ಲ. ಬಿಸಿಲು ಜಾಸ್ತಿ.

ಸೆಪ್ಟೆಂಬರ್ ೧೪

ನನಗೊಂದು ಕಾಗದ ಬಂದಿದೆ. ಹನ್ನೆರಡು ವರ್ಷದಲ್ಲಿ ಮೊದಲನೆಯದು. ಲಕೋಟೆಯ ಮೇಲೆ ಹೆಸರಿಲ್ಲ. "ಹಿಂದಿನ ಮೇಜಿನ ಕೇಡಿಗೆ, ಮುರಿದ ಮೂಗಿನವರಿಗೆ" ಎಂದಿದೆ. ಸ್ಟುಡಿಯೋದಲ್ಲಿ ಮುರಿದ ಮೂಗಿನವರು ಐವರಿದ್ದೇವೆ. ನಾಲ್ವರು ಒಡೆದು ಓದಿ ನನಗೆ ದಾಟಿಸಿದ್ದಾರೆ.

ಬರೆದವರು ಆಡಾ ಪೆನ್‌ರೋಸ್, ಅಯೋವಾದ ಒಂದು ಸಣ್ಣ ಊರು. ನಕಲು ಮಾಡಿಟ್ಟುಕೊಳ್ಳುತ್ತೇನೆ:

"ನಮ್ಮೂರಿನಲ್ಲಿ ನಾವು ಹನ್ನೊಂದು ಜನ ಹುಟ್ಟು ಕಿವುಡರು. ತುಟಿ ನೋಡಿ ಮಾತು ಓದುತ್ತೇವೆ. ನಾಯಕ ಪ್ರೇಯಸಿಯನ್ನು ತಬ್ಬಿಕೊಂಡು 'ಬೂಟು ಕಚ್ಚುತ್ತಿದೆ' ಎನ್ನುವುದನ್ನು ಓದಿ ಬೇಸತ್ತಿದ್ದೇವೆ. ನಿಮ್ಮ ಮೇಜಿನ ಕಥೆಯೊಂದೇ ಚೆನ್ನಾಗಿದೆ. ಆದರೆ ಮೂರು ಚಿತ್ರಗಳಿಂದ ಈ ಭಾನುವಾರ, ಈ ಭಾನುವಾರ ಎನ್ನುತ್ತಲೇ ಇದ್ದೀರಿ. ಹುಲ್ಡಾ ಅವರನ್ನು ಕೇಳಿದಿರಾ, ಇಲ್ಲವಾ? ನಮ್ಮಲ್ಲಿ ಏಳು ಜನ ನೀವು ಹೇಡಿ ಎಂಬ ಅಭಿಪ್ರಾಯದವರು. ನಾನಿನ್ನೂ ಆ ಗುಂಪಿಗೆ ಸೇರಿಲ್ಲ."

ಹಾಸಿಗೆಯ ಮೇಲೆ ಕುಳಿತುಬಿಟ್ಟೆ. ಹನ್ನೆರಡು ವರ್ಷದಲ್ಲಿ ಏನೇನು ಆಡಿದ್ದೇನೆ... ಸ್ಪ್ರಾಟ್ ಅವರ ತಲೆಯ ಟೋಪನ್ನಿನ ಬಗ್ಗೆ, ನಾಯಕನ ಹೊಟ್ಟೆ ಬಿಗಿಯುವ ಸೊಂಟಪಟ್ಟಿಯ ಬಗ್ಗೆ. ಬೆವರಿದೆ. ಬೆವರು ಆರಿದ ಮೇಲೆ ಕುತೂಹಲ. ಕುದುರೆ, ಕೋವಿ, ನಾಯಕನ ಗಲ್ಲ ಎಲ್ಲವನ್ನೂ ಬಿಟ್ಟು ಹಿಂದಿನ ಮೇಜು ನೋಡುವ ಹನ್ನೊಂದು ಜನ! ಎಷ್ಟನೇ ಸಾಲಿನಲ್ಲಿ ಕೂರುತ್ತಾರೆ? ನಾನು ಇಸ್ಪೀಟಿನ ಎಲೆ ಬಾಯಿಗೆ ಅಡ್ಡ ಹಿಡಿದಾಗ ಬೈದುಕೊಳ್ಳುತ್ತಾರೆಯೇ?

ಸೆಪ್ಟೆಂಬರ್ ೧೫

ವೆಂಡೆಲ್ ಕಾಗದ ಓದಿ ಬಹಳ ಹೊತ್ತು ನಕ್ಕ. ಆಮೇಲೆ ನಗು ನಿಲ್ಲಿಸಿ ಹೇಳಿದ:

"ನೋಡು ಕ್ಲೆಮ್, ನಿನ್ ಮದುವೆ ವಿಷಯ ಅಯೋವಾಗೆ ಗೊತ್ತು, ಅಡುಗೆಮನೆಗೆ ಗೊತ್ತಿಲ್ಲ. ಅಲ್ಲಿಂದ ಸುತ್ತಿ ಇಲ್ಲಿಗೆ ಬರೋದ್ರೊಳಗೆ ನೀನೇ ಹೇಳಿಬಿಡು ಮಾರಾಯ."

ಮಧ್ಯಾಹ್ನ ಸ್ಪ್ರಾಟ್ ಕರೆದರು. ಗುರುವಾರ ನನಗೆ ಗುಂಡೇಟು. ಕ್ಯಾಮೆರಾ ಹತ್ತಿರ ಬರುತ್ತದಂತೆ, ಪರದೆ ತುಂಬ ನನ್ನ ಮುಖವೊಂದೇ. ಇಷ್ಟು ವರ್ಷದಲ್ಲಿ ಮೊದಲ ಸಲ. ಹನ್ನೊಂದು ಜನ ಅಷ್ಟು ದೊಡ್ಡ ತುಟಿಯ ಮೇಲೆ ಏನು ಓದಬೇಕು? ಇನ್ನೊಂದು ಭಾನುವಾರವೇ?

ಸೆಪ್ಟೆಂಬರ್ ೧೬, ಬೆಳಿಗ್ಗೆ ೬

ಕೆಳಗೆ ಕಾಫಿಯ ವಾಸನೆ. ಹುಲ್ಡಾ ಬೇಡ ಎಂದರೆ ಮನೆ ಬಿಡಬೇಕು. ಆರು ವರ್ಷದ ಕೋಣೆ, ಮೇಜಿನ ತುದಿಯ ನನ್ನ ಕುರ್ಚಿ, ಬೂಟಿನ ಮಣ್ಣಿನ ಬಗ್ಗೆ ಅವರ ದಿನನಿತ್ಯದ ಗೊಣಗಾಟ. ಎಲ್ಲಾ. ಆದರೂ ಕೆಳಗೆ ಹೋಗಿ ಕೇಳುತ್ತೇನೆ.

೭ ಗಂಟೆ

ಕೇಳುವ ಬದಲು ಕಾಗದವನ್ನೇ ಮುಂದಿಟ್ಟೆ. ಹುಲ್ಡಾ ಎರಡು ಸಲ ಓದಿದರು. ಕೈ ಒರೆಸಿಕೊಂಡರು.

"ಹನ್ನೊಂದು ಜನಕ್ಕೆ ಹೇಳಿದ್ದೀರಿ ಮಿಸ್ಟರ್ ಹ್ಯಾಡಕ್. ನನಗೆ ಯಾವಾಗ ಹೇಳ್ತೀರಿ?"

ಹೇಳಿದೆ. ದನಿ ಸಣ್ಣಗೆ ಬಂತು, ಆದರೂ ಬಂತು. ನಾಳೆ ಪರದೆ ತುಂಬ ನನ್ನ ಮುಖ, ಗುಂಡೇಟು ಎಂಬುದನ್ನೂ ಸೇರಿಸಿದೆ.

ಅವರು ನನ್ನ ಬಟ್ಟಲಿಗೆ ಕಾಫಿ ಬಗ್ಗಿಸಿದರು. ತಮಗೂ ಬಗ್ಗಿಸಿಕೊಂಡು ಎದುರು ಕುಳಿತರು. ಆರು ವರ್ಷದಲ್ಲಿ ಹಾಗೆ ಕುಳಿತದ್ದಿಲ್ಲ. ಆಗಲಿ ಎಂದರು. ಒಂದೇ ಷರತ್ತು.

"ಮಿನೆಸೊಟಾದಲ್ಲಿ ನನ್ನಕ್ಕ ಇದ್ದಾಳೆ. ಅವಳಿಗಿಂತ ಮುಂಚೆ ಊರವರಿಗೆ ತಿಳೀತು ಅಂದ್ರೆ ಜನ್ಮದಲ್ಲಿ ಮಾತಾಡಲ್ಲ. ನಾಳೆ ಬಾಯಿ ಮುಚ್ಕೊಂಡು ಸಾಯಿರಿ."

ಚಿತ್ರ ತೆರೆಗೆ ಬರಲು ಮೂರು ತಿಂಗಳಾದರೂ ಬೇಕು, ಅಷ್ಟರಲ್ಲಿ ಅಕ್ಕನಿಗೆ ಹತ್ತು ಕಾಗದ ಹೋಗಬಹುದು ಎಂದು ವಿವರಿಸಬೇಕೆಂದಿದ್ದೆ. ನಿಶ್ಚಿತಾರ್ಥವಾಗಿ ಐದು ನಿಮಿಷವೂ ಆಗಿರಲಿಲ್ಲ. ಒಪ್ಪಿಕೊಂಡೆ.

ಸೆಪ್ಟೆಂಬರ್ ೧೭, ಮಧ್ಯಾಹ್ನ

ಇದುವರೆಗೆ ಮೂರು ಸಲ ಸತ್ತಾಯಿತು. ಮೊದಲ ಸಲ ತುಟಿ ಬಿಗಿದೇ ಬಿದ್ದೆ. ಕ್ಯಾಮೆರಾ ಹತ್ತಿರ ಬಂತು. ಹನ್ನೊಂದು ಜನ ಕುರ್ಚಿಯಿಂದ ಮುಂದೆ ಬಾಗಿದಂತಾಯಿತು. ತುಟಿಯ ಎರಡು ತುದಿಗಳೂ ತಾವಾಗಿ ಕಿವಿಯತ್ತ ಹೊರಟವು.

"ಗುಂಡು ಬಿದ್ದವನು ಯಾಕಯ್ಯ ಮದುಮಗನ ಹಾಗೆ ಕಿಸೀತಿದ್ದಾನೆ?" ಎಂದರು ಸ್ಪ್ರಾಟ್.

ಎರಡನೆಯ ಸಲ ಅಜ್ಜನ ಶವಯಾತ್ರೆ ನೆನೆದೆ. ಅಲ್ಲೂ ಪಕ್ಕದಲ್ಲಿ ಹುಲ್ಡಾ ನಡೆಯುತ್ತಿದ್ದರು. ಮೂರನೆಯ ಸಲ ನನ್ನನ್ನು ಎತ್ತಿ ಹಿಡಿದಿದ್ದ ನಾಯಕನಿಗೇ ನಗು ಬಂತು.

ಇನ್ನೊಂದೇ ಅವಕಾಶ. ಈ ಸಲವೂ ನೆಟ್ಟಗೆ ಸಾಯದಿದ್ದರೆ ನನ್ನ ಬದಲು ವೆಂಡೆಲ್ ಸಾಯುತ್ತಾನಂತೆ. ಅವನು ಆಗಲೇ ನರಳುವುದನ್ನು ಅಭ್ಯಾಸ ಮಾಡುತ್ತಿದ್ದಾನೆ. ಮುಖಕ್ಕೆ ಧೂಳು ಹಚ್ಚಲು ಬಂದಿದ್ದಾರೆ. ಗಂಭೀರವಾಗಿರಬೇಕು. ಮಿನೆಸೊಟಾದ ಅಕ್ಕನನ್ನು ನೆನೆಯುತ್ತೇನೆ, ಹುಬ್ಬು ಗಂಟಿಕ್ಕಿಕೊಂಡು ಕಾಗದ ಒಡೆಯುತ್ತಿರುವ ಅಕ್ಕ, ಹೊರಗೆ ಹಿಮ, ಓದುತ್ತಾರೆ, ಓದುತ್ತಾರೆ, ಆಮೇಲೆ ಅವರ ತುಟಿಯೂ ಕಿವಿಯತ್ತ—